ಅಮ್ಮನ ನೆನಪನ್ನು ಚಿತ್ರದಲ್ಲಿ ಹುಡುಕಿದಾಕೆ

ಸಿನಿಮಾ ಅಂದರೆ ನಮ್ಮ ಕಣ್ಣ ಮುಂದೆ ಬರುವುದೇನು? ಒಬ್ಬ ನಾಯಕ, ಒಬ್ಬಳು ನಾಯಕಿ, ನಾಲ್ಕು ಹಾಡು, ಎರಡು ಹೊಡೆದಾಟ, ಕೊನೆಗೆ ಎಲ್ಲ ಸರಿಹೋಗಿ ಶುಭಂ. ಸ್ಪೇನ್ ದೇಶದ ಕಾರ್ಲಾ ಸಿಮೋನ್ ಎಂಬ ನಿರ್ದೇಶಕಿಯ ಚಿತ್ರಗಳಲ್ಲಿ ಇವು ಯಾವುವೂ ಇಲ್ಲ. ಒಂದು ಮನೆ, ಊಟದ ಮೇಜು, ಹಾಲು ಕುಡಿಯಲಾರೆ ಎಂದು ಹಟ ಹಿಡಿದು ಕೂತ ಹುಡುಗಿ, ಹೊಲದ ಚಿಂತೆಯಲ್ಲಿ ಮಾತು ಬಿಟ್ಟ ಯಜಮಾನ, ಎಲ್ಲರನ್ನೂ ಸುಧಾರಿಸಿಕೊಂಡು ಹೋಗುವ ಗೃಹಿಣಿ... ಇಷ್ಟೇ! ಹಾಗಿದ್ದರೂ ಈಕೆಯ ಚಿತ್ರ ನೋಡಿ ಕಣ್ಣು ಒರೆಸಿಕೊಳ್ಳದೆ ಎದ್ದು ಬಂದವರು ಕಡಿಮೆ.

ಇದರ ಗುಟ್ಟೇನು? ಆಕೆ ಹೇಳುವುದು ತನ್ನ ಮನೆಯ ಕಥೆಯನ್ನೇ. ಅದರಲ್ಲೂ ಮನೆಯಲ್ಲಿ ಯಾರೂ ಬಾಯಿಬಿಟ್ಟು ಹೇಳದೆ ಉಳಿದ ಕಥೆಯನ್ನು.

ಆರನೆಯ ವಯಸ್ಸಿನಲ್ಲಿ ಅನಾಥೆ

ಕಾರ್ಲಾ ಹುಟ್ಟಿದ್ದು 1986ರಲ್ಲಿ, ಸ್ಪೇನಿನ ಕತಲೋನಿಯಾ ಪ್ರಾಂತ್ಯದ ದೊಡ್ಡ ನಗರ ಬಾರ್ಸಿಲೋನಾದಲ್ಲಿ. ಆ ಕಾಲದ ಸ್ಪೇನಿನ ಬಗ್ಗೆ ಎರಡು ಮಾತು ಹೇಳಲೇಬೇಕು. ಸುಮಾರು ನಾಲ್ಕು ದಶಕ ದೇಶವನ್ನಾಳಿದ ಸರ್ವಾಧಿಕಾರಿ ಫ್ರಾಂಕೋ ತೀರಿಕೊಂಡದ್ದು 1975ರಲ್ಲಿ. ಅಷ್ಟು ವರ್ಷ ಬಿಗಿದಿಟ್ಟಿದ್ದ ಹಗ್ಗ ಒಮ್ಮೆಲೇ ಬಿಚ್ಚಿದಂತಾಯಿತು. ಹೊಸ ಹಾಡು, ಹೊಸ ಉಡುಪು, ಹೊಸ ಸ್ವಾತಂತ್ರ್ಯ ಅಂತ ಯುವಕ ಯುವತಿಯರು ಹಿಗ್ಗಿದರು. ಆದರೆ ಅದೇ ಬಾಗಿಲಿನಿಂದ ಹೆರಾಯಿನ್ ಎಂಬ ಮಾದಕ ವಸ್ತುವೂ ಒಳಗೆ ಬಂತು. ಒಬ್ಬರು ಚುಚ್ಚಿಕೊಂಡ ಸೂಜಿಯನ್ನೇ ಇನ್ನೊಬ್ಬರೂ ಬಳಸಿ, ಅದರ ಹಿಂದೆಯೇ ಏಡ್ಸ್ ಕಾಯಿಲೆ ಹಬ್ಬಿತು. ಯೂರೋಪಿನಲ್ಲಿ ಈ ಕಾಯಿಲೆಗೆ ಹೆಚ್ಚು ಬಲಿಯಾದ ದೇಶಗಳಲ್ಲಿ ಸ್ಪೇನ್ ಒಂದು. ಇಪ್ಪತ್ತು, ಮೂವತ್ತರ ವಯಸ್ಸಿನ ಎಷ್ಟೋ ಮಂದಿ ಅಪ್ಪ ಅಮ್ಮಂದಿರ ಕಣ್ಣೆದುರಿಗೇ ಹೋದರು.

ಕಾರ್ಲಾಳ ತಂದೆ ತಾಯಿಯೂ ಹೀಗೇ ಹೋದವರು. ಮೊದಲು ತಂದೆ, 1993ರಲ್ಲಿ ತಾಯಿ. ಆಗ ಮಗಳಿಗೆ ಆರು ವರ್ಷ. ಮೂರೇ ವರ್ಷ ಕಳೆದಿದ್ದರೆ... ಹೌದು, 1996ರಲ್ಲಿ ಹಲವು ಔಷಧಿಗಳನ್ನು ಕೂಡಿಸಿ ಕೊಡುವ ಹೊಸ ಚಿಕಿತ್ಸೆ ಬಂತು. ಅಲ್ಲಿಂದ ಮುಂದೆ ಈ ರೋಗಾಣು ತಗುಲಿದವರೂ ಔಷಧಿ ತೆಗೆದುಕೊಂಡು ವರ್ಷಾನುಗಟ್ಟಲೆ ಬದುಕುವಂತಾಯಿತು. ಆದರೆ ಆ ತಾಯಿಯ ಪಾಲಿಗೆ ಅದು ತಡವಾಗಿತ್ತು.

ಹುಡುಗಿಯನ್ನು ಕರೆದುಕೊಂಡು ಹೋದವನು ಸೋದರಮಾವ. ಜಿರೋನಾ ಜಿಲ್ಲೆಯ ಗುಡ್ಡಗಾಡಿನಲ್ಲಿರುವ ಗರ್ರೋಚಾ ಸೀಮೆಯ ಚಿಕ್ಕ ಊರಿನಲ್ಲಿ ಅವನ ಮನೆ. ಮಾವ, ಅತ್ತೆ, ಅವರ ಪುಟ್ಟ ಮಗಳು. ಆ ಮನೆಯೇ ಮುಂದೆ ಕಾರ್ಲಾಳ ಮನೆ, ಅವರೇ ಅಪ್ಪ ಅಮ್ಮ, ಆ ಪುಟ್ಟ ಹುಡುಗಿಯೇ ತಂಗಿ.

ಹೆತ್ತವರ ನೆನಪು ಮಾತ್ರ ಆಕೆಗೆ ಇಲ್ಲವೆಂಬಷ್ಟು ಕಡಿಮೆ. ಕಾಯಿಲೆಯ ಹೆಸರಿಗೇ ನಾಚಿಕೆ ಅಂಟಿಕೊಂಡಿದ್ದ ಕಾಲವದು. ಹಾಗಾಗಿ ಅನೇಕ ಮನೆಗಳಲ್ಲಿ ಸತ್ತವರ ಸುದ್ದಿಯನ್ನೇ ಎತ್ತುತ್ತಿರಲಿಲ್ಲ. ಬಾರ್ಸಿಲೋನಾದಲ್ಲಿಯೂ, ಆ ಮೇಲೆ ವಿದ್ಯಾರ್ಥಿವೇತನ ಪಡೆದು ಲಂಡನ್ನಿನ ಚಲನಚಿತ್ರ ಶಾಲೆಯಲ್ಲಿಯೂ ಓದಿದ ಕಾರ್ಲಾ, ಅಲ್ಲಿದ್ದಾಗಲೇ ಮಾಡಿದ ಒಂದು ಕಿರುಚಿತ್ರ ಹುಟ್ಟುವಾಗಲೇ ಈ ರೋಗಾಣು ಹೊತ್ತು ಬಂದ ಯುವಕ ಯುವತಿಯರ ಬಗ್ಗೆ. ಇನ್ನೊಂದು ಕಿರುಚಿತ್ರಕ್ಕೆ ಆಧಾರ ತನ್ನ ತಾಯಿ ಬರೆದ ಹಳೆಯ ಪತ್ರಗಳು. ಎಲ್ಲಿ ಹೋದರೂ ಮನಸ್ಸು ಸುತ್ತುತ್ತಿದ್ದುದು ಅಲ್ಲಿಯೇ ಅನ್ನಿ.

ಎಲೆಕೋಸು ಯಾವುದು, ಸೊಪ್ಪು ಯಾವುದು?

2017ರಲ್ಲಿ ಬಂತು ಆಕೆಯ ಮೊದಲ ಪೂರ್ಣ ಚಿತ್ರ. ಹೆಸರು ‘ಎಸ್ತಿಯು 1993’. ಕತಲಾನ್ ಭಾಷೆಯಲ್ಲಿ ಹಾಗೆಂದರೆ ‘1993ರ ಬೇಸಿಗೆ’. ಕಥೆ ಆಕೆಯದೇ, ಹುಡುಗಿಯ ಹೆಸರು ಮಾತ್ರ ಫ್ರೀಡಾ. ಮೊದಲ ದೃಶ್ಯದಲ್ಲಿ ಆಕಾಶದ ತುಂಬ ಬಾಣಬಿರುಸು, ಬೀದಿಯ ಮಕ್ಕಳ ಗಲಾಟೆ. ಒಬ್ಬ ಹುಡುಗ ಫ್ರೀಡಾಳನ್ನು ಕೇಳುತ್ತಾನೆ: ನೀನು ಯಾಕೆ ಅಳುತ್ತಿಲ್ಲ? ಅವಳ ಅಮ್ಮ ತೀರಿಹೋಗಿದ್ದಾಳೆ. ಮನೆಯ ಸಾಮಾನು ಪೆಟ್ಟಿಗೆ ಸೇರುತ್ತಿದೆ. ಫ್ರೀಡಾ ಅಳುವುದಿಲ್ಲ.

ಅಲ್ಲಿಂದ ಕಥೆ ಮಾವನ ಹಳ್ಳಿಗೆ ಹೋಗುತ್ತದೆ. ನಗರದ ಹುಡುಗಿಗೆ ಅಲ್ಲಿ ಎಲ್ಲವೂ ಹೊಸದು. ಅತ್ತೆ ಮಾರ್ಗಾ ತೋಟದಿಂದ ಲೆಟಿಸ್ ಸೊಪ್ಪು ತಾ ಎಂದು ಕಳಿಸಿದರೆ ಇವಳು ಎಲೆಕೋಸು ಹಿಡಿದು ಬರುತ್ತಾಳೆ! ಹಾಲು ಬೇಡ ಅನ್ನುತ್ತಾಳೆ. ಮಾವನ ಮಗಳು ಆನಾ ಇನ್ನೂ ಪುಟ್ಟ ಮಗು. ಅವಳಿಗೆ ಅಮ್ಮ ಇದ್ದಾಳೆ, ಫ್ರೀಡಾಗೆ ಇಲ್ಲ. ಈ ಒಂದು ಸಂಗತಿಯಿಂದಲೇ ಹುಟ್ಟುವ ಸಣ್ಣ ಸಣ್ಣ ಹೊಟ್ಟೆಕಿಚ್ಚುಗಳನ್ನು ಕಾರ್ಲಾ ಒಂದೊಂದಾಗಿ ತೋರಿಸುತ್ತಾರೆ. ಒಂದು ದಿನ ಫ್ರೀಡಾ ಆನಾಳನ್ನು ಕಾಡಿನಲ್ಲಿ ಬಿಟ್ಟು ಬರುತ್ತಾಳೆ. ಪಾಪ, ಆ ಮಗುವಿನ ಕೈ ಮುರಿಯುತ್ತದೆ.

ಸಾಮಾನ್ಯ ಸಿನಿಮಾ ಆಗಿದ್ದರೆ ಇಲ್ಲಿ ಏನಾಗುತ್ತಿತ್ತು? ಒಂದೋ ಅತ್ತೆ ಕ್ರೂರಿಯಾಗುತ್ತಿದ್ದಳು, ಇಲ್ಲವೇ ಹುಡುಗಿ ದೇವತೆಯಾಗುತ್ತಿದ್ದಳು. ಇಲ್ಲಿ ಎರಡೂ ಇಲ್ಲ. ಮಾರ್ಗಾ ಒಳ್ಳೆಯವಳು, ಆದರೆ ದಣಿದವಳು. ಹೆತ್ತ ಮಗುವನ್ನೂ ನೋಡಬೇಕು, ಬಂದ ಮಗುವನ್ನೂ ನೋಡಬೇಕು. ಒಂದಕ್ಕೆ ಗದರಿದರೆ ಮಲತಾಯಿ ಅನ್ನಿಸಿಕೊಳ್ಳುವ ಭಯ, ಗದರದಿದ್ದರೆ ಮಗು ಕೆಡುತ್ತದೆಂಬ ಭಯ. ಬಾರ್ಸಿಲೋನಾದಿಂದ ಅಜ್ಜಿ ತಾತ ಬಂದಾಗಲಂತೂ ಅವಳ ಪಾಡು ಬೇಡ. ಅವರಿಗೆ ಫ್ರೀಡಾ ಸತ್ತ ಮಗಳ ಕುರುಹು. ಮುದ್ದು ಮಾಡುತ್ತಾರೆ, ಪ್ರಾರ್ಥನೆ ಹೇಳಿಕೊಡುತ್ತಾರೆ, ಹೊರಟುಹೋಗುತ್ತಾರೆ. ಉಳಿದ ದಿನಗಳನ್ನು ಏಗಬೇಕಾದವಳು ಮಾರ್ಗಾ. ಕೂಡು ಕುಟುಂಬದಲ್ಲಿ ಬಾಳಿದ ಯಾವ ಹೆಣ್ಣಿಗೆ ಇದು ಅರ್ಥವಾಗದು ಹೇಳಿ?

ಊರಿನ ಆಟದ ಬಯಲಿನಲ್ಲಿ ಫ್ರೀಡಾ ಬಿದ್ದು ಮಂಡಿ ತರಚಿಕೊಳ್ಳುತ್ತಾಳೆ. ಜೊತೆಯಲ್ಲಿ ಆಡುತ್ತಿದ್ದ ಮಗುವಿನ ತಾಯಿ ಗಾಬರಿಬಿದ್ದು ತನ್ನ ಮಗುವನ್ನು ದೂರ ಸರಿಸುತ್ತಾಳೆ. ಫ್ರೀಡಾಗೆ ಕಾರಣ ಗೊತ್ತಿಲ್ಲ. ವೈದ್ಯರು ತನ್ನ ರಕ್ತವನ್ನು ಯಾಕೆ ಪರೀಕ್ಷಿಸುತ್ತಿದ್ದಾರೆಂದೂ ಗೊತ್ತಿಲ್ಲ. ಇಡೀ ಚಿತ್ರದಲ್ಲಿ ಆ ಕಾಯಿಲೆಯ ಹೆಸರನ್ನು ಯಾರೂ ಎತ್ತುವುದಿಲ್ಲ. ಏಡ್ಸ್ ರೋಗಾಣು ಜೊತೆಯಲ್ಲಿ ಆಡುವುದರಿಂದ, ಮುಟ್ಟುವುದರಿಂದ, ಒಂದೇ ತಟ್ಟೆಯಲ್ಲಿ ಉಣ್ಣುವುದರಿಂದ ಹರಡುವುದಿಲ್ಲ. ಇದು ಆಗಲೇ ವೈದ್ಯರಿಗೆ ಗೊತ್ತಿದ್ದ ವಿಷಯ. ಆದರೆ ಜನರ ಭಯಕ್ಕೆ ವೈದ್ಯರ ಮಾತು ಎಲ್ಲಿ ಕೇಳಿಸುತ್ತದೆ!

ಇನ್ನೊಂದು ದೃಶ್ಯ ನೋಡಿ. ಫ್ರೀಡಾ ತುಟಿಗೆ ಬಣ್ಣ ಬಳಿದುಕೊಂಡು, ದೊಡ್ಡವರಂತೆ ಅಲಂಕರಿಸಿಕೊಂಡು, ಕಾಲು ಚಾಚಿ ಮಲಗಿ ‘ಅಮ್ಮನ ಆಟ’ ಆಡುತ್ತಾಳೆ. ಆನಾ ಮಗಳು. ಮಗಳು ಆಟಕ್ಕೆ ಕರೆದಾಗಲೆಲ್ಲ ಅಮ್ಮನಿಗೆ ಸುಸ್ತು, ಮೈಯೆಲ್ಲ ನೋವು. ನೋಡುವ ನಮಗೆ ತಟ್ಟನೆ ಹೊಳೆಯುತ್ತದೆ, ಈ ಮಗು ನೋಡಿದ ಅಮ್ಮ ಇಂಥವಳೇ ಅಂತ. ಹಿಂದಿನ ಕಥೆ ಹೇಳಲು ನಿರ್ದೇಶಕಿ ಬೇರೆ ದೃಶ್ಯವನ್ನೇ ಹಾಕಿಲ್ಲ. ಮಕ್ಕಳ ಆಟವೇ ಎಲ್ಲ ಹೇಳಿಬಿಡುತ್ತದೆ.

ಮತ್ತೊಂದು ರಾತ್ರಿ ಫ್ರೀಡಾ ಗಂಟುಮೂಟೆ ಕಟ್ಟಿಕೊಂಡು ಮನೆ ಬಿಟ್ಟು ಹೊರಡುತ್ತಾಳೆ. ಸ್ವಲ್ಪ ಹೊತ್ತಿಗೇ ವಾಪಸು! ಹೊರಗೆ ಬಹಳ ಕತ್ತಲೆಯಂತೆ, ನಾಳೆ ಹೋಗುತ್ತಾಳಂತೆ. ನಗಬೇಕೋ ಅಳಬೇಕೋ ತಿಳಿಯದು.

ಕೊನೆಯಲ್ಲಿ ಫ್ರೀಡಾ ಅಮ್ಮ ಹೇಗೆ ಸತ್ತಳೆಂದು ಅತ್ತೆಯನ್ನು ನೇರವಾಗಿ ಕೇಳುತ್ತಾಳೆ. ಮಾರ್ಗಾ ಮಗುವಿಗೆ ತಿಳಿಯುವ ಮಾತಿನಲ್ಲಿ ನಿಜವನ್ನೇ ಹೇಳುತ್ತಾಳೆ. ಆಮೇಲೊಂದು ದಿನ ಹಾಸಿಗೆಯ ಮೇಲೆ ಕುಣಿದು ನಗುತ್ತಿದ್ದ ಹುಡುಗಿ ಇದ್ದಕ್ಕಿದ್ದಂತೆ ಬಿಕ್ಕಿ ಬಿಕ್ಕಿ ಅಳಲು ತೊಡಗುತ್ತಾಳೆ. ಏಕೆಂದು ಕೇಳಿದರೆ ಗೊತ್ತಿಲ್ಲ ಅನ್ನುತ್ತಾಳೆ. ಮೊದಲ ದೃಶ್ಯದಲ್ಲಿ ಬಾರದ ಅಳು ಕೊನೆಯ ದೃಶ್ಯದಲ್ಲಿ ಬರುತ್ತದೆ. ಅಪ್ಪಿ ಹಿಡಿಯಲು ಜನರಿದ್ದಾರೆ ಎಂಬ ಧೈರ್ಯ ಬಂದ ಮೇಲೆ ಬಂದ ಅಳು ಅದು.

ಬರ್ಲಿನ್ ಚಿತ್ರೋತ್ಸವದಲ್ಲಿ ಇದಕ್ಕೆ ಅತ್ಯುತ್ತಮ ಮೊದಲ ಚಿತ್ರದ ಪ್ರಶಸ್ತಿ ಬಂತು. ಸ್ಪೇನಿನ ಗೋಯಾ ಪ್ರಶಸ್ತಿಗಳಲ್ಲಿ 2018ರಲ್ಲಿ ಮೂರು ಬಂದವು. ಒಂದು ಹೊಸ ನಿರ್ದೇಶಕಿಯಾಗಿ ಕಾರ್ಲಾಗೆ, ಉಳಿದೆರಡು ಅತ್ತೆ ಮತ್ತು ಮಾವನ ಪಾತ್ರ ವಹಿಸಿದ ಬ್ರೂನಾ ಕುಸೀ ಮತ್ತು ಡೇವಿಡ್ ವೆರ್ದಗೆರ್ ಅವರಿಗೆ.

ಮೊದಲು ಸಂಸಾರ, ಆಮೇಲೆ ಚಿತ್ರೀಕರಣ

ಕಾರ್ಲಾ ಚಿತ್ರ ಮಾಡುವ ರೀತಿಯೇ ಬೇರೆ. ಇಂಥವನ್ನು ಸ್ವತಂತ್ರ ಚಿತ್ರ ಅನ್ನುತ್ತಾರೆ. ದೊಡ್ಡ ಕಂಪನಿಗಳ ಹಣವಿಲ್ಲ, ಹೆಸರಾಂತ ತಾರೆಯರಿಲ್ಲ. ಸರ್ಕಾರದ ಸಹಾಯಧನ, ಟಿ.ವಿ. ಸಂಸ್ಥೆಗಳ ನೆರವು, ಚಿಕ್ಕ ನಿರ್ಮಾಪಕರ ಧೈರ್ಯ ಇವುಗಳಿಂದ ಕೆಲಸ ನಡೆಯುತ್ತದೆ. ಹಣ ಕಡಿಮೆ ಇದ್ದಾಗ ಸಮಯವನ್ನಾದರೂ ಧಾರಾಳವಾಗಿ ಕೊಡಬೇಕೆಂಬುದು ಈಕೆಯ ಲೆಕ್ಕ.

ಹಾಗಾಗಿ ಚಿತ್ರೀಕರಣಕ್ಕೆ ಮೊದಲೇ ನಟರನ್ನು ಒಂದೆಡೆ ಸೇರಿಸುತ್ತಾರೆ. ಅಪ್ಪ ಅಮ್ಮ ಆಗುವವರು ಮಕ್ಕಳೊಂದಿಗೆ ದಿನ ಕಳೆಯಬೇಕು, ಒಟ್ಟಿಗೆ ಉಣ್ಣಬೇಕು, ಆಡಬೇಕು, ಮುನಿಯಬೇಕು. ಕಥೆಯಲ್ಲಿ ಬಾರದ, ಕಥೆಗೆ ಮುಂಚೆ ನಡೆದಿರಬಹುದಾದ ಪ್ರಸಂಗಗಳನ್ನೂ ಅಭಿನಯಿಸಿ ನೋಡಬೇಕು. ಕ್ಯಾಮರಾ ಬರುವ ಹೊತ್ತಿಗೆ ಅವರ ನಡುವೆ ಸಲಿಗೆ ಬಂದಿರುತ್ತದೆ. ‘1993ರ ಬೇಸಿಗೆ’ಯ ಇಬ್ಬರು ಹುಡುಗಿಯರಿಗೆ ಮಾತು ಬರೆದು ಕೊಟ್ಟು ಬಾಯಿಪಾಠ ಮಾಡಿಸಲಿಲ್ಲ. ಆಟವಾಡಲು ಬಿಟ್ಟರು. ಕ್ಯಾಮರಾ ಮಕ್ಕಳ ಎತ್ತರಕ್ಕೆ ಇಳಿದು, ಅವಸರವಿಲ್ಲದೆ ಕಾಯುತ್ತದೆ. ದೊಡ್ಡವರು ಪಕ್ಕದ ಕೋಣೆಯಲ್ಲಿ ಪಿಸುಗುಟ್ಟಿದ್ದು ಮಗುವಿಗೆ ಎಷ್ಟು ಕೇಳಿಸುತ್ತದೋ ನಮಗೂ ಅಷ್ಟೇ.

ಹಿನ್ನೆಲೆ ಸಂಗೀತವೂ ಬಹಳ ಕಡಿಮೆ. ಇಲ್ಲಿ ಅಳಿ, ಇಲ್ಲಿ ನಗಿ ಅಂತ ಪಿಟೀಲು ನಮಗೆ ಸನ್ನೆ ಮಾಡುವುದಿಲ್ಲ.

ಪತ್ರವಿಲ್ಲದ ಜಮೀನು

ಎರಡನೆಯ ಚಿತ್ರ ‘ಅಲ್ಕರಾಸ್’. ಇದು ಪಶ್ಚಿಮ ಕತಲೋನಿಯಾದ ಒಂದು ಊರಿನ ಹೆಸರು. ಸುತ್ತಲೂ ಪೀಚ್ ಹಣ್ಣಿನ ತೋಟಗಳು. ಕಾರ್ಲಾಳ ಸಾಕುಮನೆಯ ಕಡೆಯವರು ಇಲ್ಲಿ ಪೀಚ್ ಬೆಳೆಯುವವರೇ. ತಾತ ತೀರಿಕೊಂಡಾಗ, ಈ ತೋಟಗಳೂ ಒಂದು ದಿನ ಇಲ್ಲವಾದರೆ ಎಂಬ ಯೋಚನೆ ಬಂದದ್ದೇ ಈ ಚಿತ್ರಕ್ಕೆ ಮೂಲ.

ಕಥೆ ಕೇಳಿ. 1936ರಿಂದ 1939ರವರೆಗೆ ಸ್ಪೇನಿನಲ್ಲಿ ಅಂತರ್ಯುದ್ಧ. ಆಗ ಸೋಲೆ ಎಂಬ ರೈತ ಕುಟುಂಬ ಜಮೀನುದಾರ ಪಿನ್ಯೋಲ್ ಮನೆತನದವರನ್ನು ಬಚ್ಚಿಟ್ಟು ಪ್ರಾಣ ಉಳಿಸಿತು. ಆ ಋಣಕ್ಕೆ ಪಿನ್ಯೋಲ್‌ನ ಹಿರಿಯರು ಈ ಭೂಮಿ ನಿಮ್ಮದೇ ಎಂದರು. ಬಾಯಿಮಾತು, ಅಷ್ಟೇ. ಕಾಗದವಿಲ್ಲ, ಪತ್ರವಿಲ್ಲ. ಎರಡು ತಲೆಮಾರು ಯಾರೂ ಕೇಳಲಿಲ್ಲ. ಈಗ ಪಿನ್ಯೋಲ್‌ನ ಮೊಮ್ಮಗ ಬಂದು, ಮರ ಕಿತ್ತು ಸೂರ್ಯನ ಬಿಸಿಲಿನಿಂದ ವಿದ್ಯುತ್ ಮಾಡುವ ಫಲಕಗಳನ್ನು ಹಾಕುತ್ತೇನೆ ಅನ್ನುತ್ತಾನೆ. ಬೇಸಿಗೆಯ ಕೊಯ್ಲು ಮುಗಿದ ಮೇಲೆ ಜಾಗ ಬಿಡಬೇಕು. ಮುದುಕ ರೊಜೇಲಿಯೋಗೆ ಇದು ತಿಳಿಯುವುದೇ ಇಲ್ಲ. ಕೊಟ್ಟ ಮಾತು ಮಾತಲ್ಲವೇ ಅಂತ ಅವನು. ಅವನು ಈಗಲೂ ಆ ಮನೆಗೆ ಅಂಜೂರದ ಹಣ್ಣು ಒಯ್ದು ಕೊಡುತ್ತಾನೆ.

ಮಗ ಕಿಮೆತ್ ಎಲ್ಲರ ಮೇಲೂ ಸಿಡುಕುತ್ತಾನೆ. ಅವನ ಹೆಂಡತಿ ದೊಲೋರ್ಸ್ ಅಡುಗೆ, ಮಕ್ಕಳು, ಮಾವ, ಗಂಡನ ಬೆನ್ನುನೋವು, ನಾದಿನಿಯರ ಮುನಿಸು ಎಲ್ಲವನ್ನೂ ತೂಗಿಸುತ್ತಾಳೆ. ಫಲಕಗಳ ಕೆಲಸಕ್ಕೆ ಸೇರೋಣ ಎನ್ನುವ ತಂಗಿಯ ಗಂಡನೊಂದಿಗೆ ಮಾತು ನಿಲ್ಲುತ್ತದೆ. ಹೀಗೆ ಮನೆ ಎರಡಾಗುತ್ತದೆ. ಹಣ್ಣಿಗೆ ಕೊಡುವ ಬೆಲೆ ಗಿಟ್ಟದೆಂದು ರೈತರು ಪೀಚ್ ಹಣ್ಣನ್ನು ರಸ್ತೆಗೆ ಸುರಿದು ಪ್ರತಿಭಟಿಸುವ ದೃಶ್ಯವೂ ಇದೆ. ಮನೆಮಂದಿಯೆಲ್ಲ ಹೆದರುವ ಕಿಮೆತ್ ಒಂದು ಸಲ ಮಕ್ಕಳು ನೋಡುತ್ತಿರುವಂತೆಯೇ ಅತ್ತುಬಿಡುತ್ತಾನೆ. ಮಕ್ಕಳ ಮುಖದಲ್ಲಿ ಆಗ ಕಾಣುವ ದಿಗಿಲನ್ನು ಮರೆಯುವುದು ಕಷ್ಟ.

ಈ ಚಿತ್ರದಲ್ಲಿ ಖಳನಾಯಕ ಯಾರು? ಫಲಕಗಳೇ? ಅವುಗಳಿಂದ ಹೊಗೆ ಇಲ್ಲ, ಮಲಿನವಿಲ್ಲ, ನಾಳಿನ ಲೋಕಕ್ಕೆ ಬೇಕಾದವೇ. ಜಮೀನುದಾರನೇ? ಕಾನೂನು ಅವನ ಕಡೆಗಿದೆ. ಕಾರ್ಲಾ ಯಾರನ್ನೂ ಬೆರಳು ಮಾಡಿ ತೋರಿಸುವುದಿಲ್ಲ. ಒಂದು ಬದುಕು ಮುಗಿಯುತ್ತಿರುವಾಗ ಅದರೊಳಗಿನವರು ಒಬ್ಬರಿಗೊಬ್ಬರು ಹೇಗೆ ನಡೆದುಕೊಳ್ಳುತ್ತಾರೆ ಎಂಬುದೇ ಆಕೆಗೆ ಮುಖ್ಯ.

ಪಾತ್ರಗಳಿಗಾಗಿ ಊರೂರ ಜಾತ್ರೆ ಹಬ್ಬಗಳಲ್ಲಿ ಸುತ್ತಿ ಒಂಬತ್ತು ಸಾವಿರಕ್ಕೂ ಹೆಚ್ಚು ಜನರನ್ನು ನೋಡಿದರಂತೆ! ಹೆಚ್ಚುಕಡಿಮೆ ಎಲ್ಲರೂ ಆ ಸೀಮೆಯ ಸಾಮಾನ್ಯ ಜನ. ನಟನೆ ಕಸುಬಾಗಿದ್ದವರಲ್ಲಿ ಎದ್ದು ಕಾಣುವವರು ಕಾರ್ಲಾಳ ತಂಗಿ ಬೆರ್ತಾ. ಬೇರೆ ಬೇರೆ ಮನೆಗಳಿಂದ ಬಂದವರನ್ನು ಒಂದು ಮನೆಯಲ್ಲಿ ದಿನವೂ ಕೂಡಿಸಿ ಕೂಡಿಸಿ ಒಂದು ಕುಟುಂಬ ಮಾಡಿದರು. 2020ರಲ್ಲಿ ಕೋವಿಡ್ ಬಂದು ಕೆಲಸ ನಿಂತಿತು. ಪೀಚ್ ಹಣ್ಣಾಗುವುದು ಬೇಸಿಗೆಯಲ್ಲಿ ಮಾತ್ರ. ತಪ್ಪಿದರೆ ಒಂದು ವರ್ಷ ಕಾಯಬೇಕು. ಕಾದರು. 2021ರ ಬೇಸಿಗೆಯಲ್ಲಿ ಚಿತ್ರೀಕರಿಸಿದರು.

2022ರ ಫೆಬ್ರವರಿಯಲ್ಲಿ ಬರ್ಲಿನ್ ಚಿತ್ರೋತ್ಸವದ ಅತಿ ದೊಡ್ಡ ಪ್ರಶಸ್ತಿ ‘ಚಿನ್ನದ ಕರಡಿ’ ಈ ಚಿತ್ರಕ್ಕೆ ಬಂತು. ತೀರ್ಪುಗಾರರ ಅಧ್ಯಕ್ಷರು ನಮ್ಮ ಮಾಹೆಯಲ್ಲಿ ಹುಟ್ಟಿ ಅಮೆರಿಕದಲ್ಲಿ ಬೆಳೆದ ನಿರ್ದೇಶಕ ಮನೋಜ್ ನೈಟ್ ಶ್ಯಾಮಲನ್. ಸ್ಪೇನಿಗೆ ಈ ಪ್ರಶಸ್ತಿ 1983ರ ನಂತರ ಬಂದದ್ದು ಆಗಲೇ. ಕತಲಾನ್ ಭಾಷೆಯ ಚಿತ್ರಕ್ಕಂತೂ ಅದೇ ಮೊದಲು. ಫ್ರಾಂಕೋ ಕಾಲದಲ್ಲಿ ಶಾಲೆ ಕಚೇರಿಗಳಿಂದ ಹೊರಗಿಟ್ಟಿದ್ದ ಭಾಷೆ ಇದು. ಅದರಲ್ಲೂ ಚಿತ್ರದಲ್ಲಿರುವುದು ಪುಸ್ತಕದ ಭಾಷೆಯಲ್ಲ, ಆ ಸೀಮೆಯ ರೈತರ ಆಡುಮಾತು. ಮನೆಯ ಮಾತನ್ನು ನಾಚದೆ ಆಡಿದರೆ ಲೋಕವೂ ಕಿವಿಗೊಡುತ್ತದೆ ಎಂಬುದಕ್ಕೆ ಬೇರೆ ಸಾಕ್ಷಿ ಬೇಕೆ?

ತಮಾಷೆ ಎಂದರೆ, ಸ್ವದೇಶದ ಗೋಯಾ ಪ್ರಶಸ್ತಿಗೆ ಇದೇ ಚಿತ್ರ 2023ರಲ್ಲಿ 11 ವಿಭಾಗಗಳಲ್ಲಿ ಆಯ್ಕೆಯಾಗಿ, ಒಂದನ್ನೂ ಗೆಲ್ಲಲಿಲ್ಲ! ಅದೇ ವರ್ಷ ಸ್ಪೇನ್ ಸರ್ಕಾರದ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿ ಕಾರ್ಲಾಗೆ ಸಂದಿತು.

ತಂದೆಯ ಮನೆಯ ಬಾಗಿಲಲ್ಲಿ

ಗರ್ಭಿಣಿಯಾಗಿದ್ದಾಗ ಕಾರ್ಲಾ ಒಂದು ಕಿರುಚಿತ್ರ ಮಾಡಿದರು. ಅದರ ಹೆಸರಿನ ಅರ್ಥ ‘ಮಗನಿಗಾಗಿ ನನ್ನ ಅಮ್ಮನಿಗೊಂದು ಪತ್ರ’. ಹುಟ್ಟುವ ಮಗು ಮುಂದೆ ಅಜ್ಜಿಯ ಬಗ್ಗೆ ಕೇಳಿದರೆ ಏನು ಹೇಳುವುದು? ತನಗೇ ಗೊತ್ತಿಲ್ಲದ ಅಮ್ಮನನ್ನು ಮಗುವಿಗೆ ಪರಿಚಯಿಸುವುದು ಹೇಗೆ? ತಾಯಿಯಾಗುವಾಗ ತಾಯಿಯ ನೆನಪು ಕಾಡದ ಹೆಣ್ಣುಂಟೆ!

ಆ ಪ್ರಶ್ನೆಯೇ ಬೆಳೆದು ಮೂರನೆಯ ಪೂರ್ಣ ಚಿತ್ರವಾಯಿತು. ಹೆಸರು ‘ರೊಮೆರಿಯಾ’, ಅಂದರೆ ಯಾತ್ರೆ. 2025ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದ ಮುಖ್ಯ ಸ್ಪರ್ಧೆಗೆ ಆಯ್ಕೆಯಾಯಿತು. ಕಥೆ ನಡೆಯುವುದು 2004ರಲ್ಲಿ. ಹದಿನೆಂಟು ವರ್ಷದ ಮರೀನಾ ಅಟ್ಲಾಂಟಿಕ್ ಸಮುದ್ರ ತೀರದ ವೀಗೋ ನಗರಕ್ಕೆ ಬರುತ್ತಾಳೆ. ಅಲ್ಲಿ ತಂದೆಯ ಕಡೆಯ ಅಜ್ಜ ಅಜ್ಜಿ ಇದ್ದಾರೆ, ಸಿರಿವಂತರು. ಓದಿಗೆ ವಿದ್ಯಾರ್ಥಿವೇತನ ಬೇಕಾದರೆ ಇವಳು ತಮ್ಮ ಮಗನ ಮಗಳೆಂದು ಅವರು ಬರೆದುಕೊಡಬೇಕು. ಕೈಯಲ್ಲಿ ಒಂದು ವಿಡಿಯೋ ಕ್ಯಾಮರಾ, ಅಮ್ಮ ಬರೆದಿಟ್ಟ ದಿನಚರಿ.

ಚಿಕ್ಕಪ್ಪ, ಅತ್ತೆಯರು, ಅವರ ಮಕ್ಕಳು ಎಲ್ಲರೂ ಬಾ ಅನ್ನುತ್ತಾರೆ. ಆದರೆ ಒಬ್ಬೊಬ್ಬರು ಒಂದೊಂದು ಕಥೆ ಹೇಳುತ್ತಾರೆ. ಅಪ್ಪ ಎಲ್ಲಿದ್ದ, ಯಾವಾಗ ಸತ್ತ ಎಂಬುದೂ ಒಂದಕ್ಕೊಂದು ತಾಳೆಯಾಗುವುದಿಲ್ಲ. ಕಾಯಿಲೆಯ ಮಗನನ್ನು ಆ ಮನೆ ಲೋಕದ ಕಣ್ಣಿಗೆ ಬೀಳದಂತೆ ಇಟ್ಟಿತ್ತೆಂದು ನಿಧಾನವಾಗಿ ತಿಳಿಯುತ್ತದೆ. ಅಜ್ಜ ಹಣದ ಲಕೋಟೆ ಕೊಡುತ್ತಾನೆ. ಹುಡುಗಿ ಕೇಳಿದ್ದು ಹಣವನ್ನಲ್ಲ, ಒಂದು ಸಾಲು ಬರಹವನ್ನು.

ಯಾರ ಮಾತೂ ನೆಚ್ಚುವಂತಿಲ್ಲವಾದಾಗ ಮರೀನಾ ತನ್ನ ಹೆತ್ತವರನ್ನು ತಾನೇ ಕಲ್ಪಿಸಿಕೊಳ್ಳುತ್ತಾಳೆ. ಆ ಭಾಗದಲ್ಲಿ ಮರೀನಾ ಪಾತ್ರದ ಹುಡುಗಿ ಯೂಸಿಯಾ ಗಾರ್ಸಿಯಾಳೇ ತಾಯಿಯ ಪಾತ್ರವನ್ನೂ ವಹಿಸಿದ್ದಾಳೆ. ಮಗಳೇ ಅಮ್ಮನಾಗಿ ನಿಲ್ಲುತ್ತಾಳೆ. ಹಿಂದೆ ತುಟಿಗೆ ಬಣ್ಣ ಬಳಿದುಕೊಂಡು ಅಮ್ಮನ ಆಟ ಆಡಿದ ಪುಟ್ಟ ಫ್ರೀಡಾ ನೆನಪಿಗೆ ಬರುತ್ತಾಳೆ, ಅಲ್ಲವೇ?

ನೋಡುವ ಮುನ್ನ

ಹದಿನೇಳರಿಂದ ಇಪ್ಪತ್ತೈದರವರೆಗಿನ ಎಂಟು ವರ್ಷಗಳಲ್ಲಿ ಮೂರು ಪೂರ್ಣ ಚಿತ್ರ. ಸಂಖ್ಯೆ ದೊಡ್ಡದಲ್ಲ. ಆದರೆ ಮೂರರಲ್ಲೂ ಒಂದೇ ಮಾತು: ಮನೆಯಲ್ಲಿ ಹೇಳದೆ ಮುಚ್ಚಿಟ್ಟದ್ದು ಎಲ್ಲಿಗೂ ಹೋಗುವುದಿಲ್ಲ. ಮಕ್ಕಳ ಮನಸ್ಸಿನಲ್ಲಿ ಕೂತು ಕಾಯುತ್ತಿರುತ್ತದೆ. ಮಾತು ಬೆಳ್ಳಿ, ಮೌನ ಬಂಗಾರ ಅನ್ನುತ್ತಾರೆ ನಮ್ಮಲ್ಲಿ. ಸಾವು ನಡೆದ ಮನೆಯಲ್ಲಿ, ಅಪ್ಪ ಎಲ್ಲಿ, ಅಮ್ಮ ಎಲ್ಲಿ ಎಂದು ಕೇಳುವ ಮಗುವಿನ ಎದುರಿಗೆ ಆ ಬಂಗಾರ ಬಹಳ ಭಾರ. ಮಾರ್ಗಾ ಮಾಡಿದಂತೆ ಪಕ್ಕದಲ್ಲಿ ಕೂರಿಸಿಕೊಂಡು, ಅವರಿಗೆ ತಿಳಿಯುವಷ್ಟು, ಸುಳ್ಳಿಲ್ಲದೆ ಹೇಳುವುದೇ ಮೇಲು.

ಈ ಚಿತ್ರಗಳನ್ನು ನೋಡುವ ಅವಕಾಶ ಸಿಕ್ಕರೆ ಮೊದಲು ‘1993ರ ಬೇಸಿಗೆ’ ನೋಡಿ, ಆಮೇಲೆ ‘ಅಲ್ಕರಾಸ್’, ಕೊನೆಗೆ ‘ರೊಮೆರಿಯಾ’. ಭಾಷೆ ತಿಳಿಯದೆಂದು ಹಿಂಜರಿಯಬೇಡಿ, ಕೆಳಗೆ ಅಡಿಬರಹವಿರುತ್ತದೆ. ಮೊದಲ ಹತ್ತು ನಿಮಿಷ ಏನೂ ನಡೆಯುತ್ತಿಲ್ಲ ಅನ್ನಿಸಬಹುದು. ಎದ್ದು ಹೋಗಬೇಡಿ. ನಮ್ಮ ನಿಮ್ಮ ಮನೆಗಳಲ್ಲಿ ದಿನವೂ ನಡೆಯುವುದೇ ಅಲ್ಲಿಯೂ ನಡೆಯುತ್ತಿರುತ್ತದೆ.